ಅಕ್ಕನ ನೈಟಿ, ತಂಗಿಯ ಕೈ

ಹುಡುಗ ಗಿಡುಗ ಯಾರೂ ಇರಲಿಲ್ಲ. ಮಾದಿಹಳ್ಳಿಯ ನಮ್ಮ ಮನೆಯಲ್ಲಿ ನಡೆದದ್ದಿಷ್ಟೇ: ನನ್ನ ಇಬ್ಬರು ಮೊಮ್ಮಕ್ಕಳು ಸೇರಿ ಒಂದು ಹಸುವನ್ನು ಏಮಾರಿಸಿದರು.

ಅನುಮಾನ ನನಗೆ ಹುಟ್ಟುಗುಣ. ಮೂರನೇ ಕ್ಲಾಸಿಗೇ ಶಾಲೆ ಬಿಟ್ಟವಳು. ಓದಿ ತಿಳಿಯಲಾಗದ್ದನ್ನು ಅನುಮಾನಪಟ್ಟೇ ತಿಳಿದುಕೊಂಡೆ. ಹಳೇಬೀಡಿನ ಗುಡಿಗೆ ಹೋದರೂ ಅಷ್ಟೇ. ಗೋಡೆ ತುಂಬ ಕಲ್ಲಿನ ಹೆಂಗಸರು. ಕುಣಿಯುವವರು, ಕನ್ನಡಿ ನೋಡಿಕೊಳ್ಳುವವರು. ಹಾಲು ಕರೆಯುವವಳು ಒಬ್ಬಳೂ ನನ್ನ ಕಣ್ಣಿಗೆ ಬಿದ್ದಿಲ್ಲ. ಹಾಗಾದರೆ ಇವರ ಮನೆಯ ಹಸುವಿನ ಕೆಳಗೆ ಕೂತವರು ಯಾರು?

ನಮ್ಮ ಮನೆಯಲ್ಲಿ ಕೂರುವವಳು ದೊಡ್ಡ ಮೊಮ್ಮಗಳು ಗೌರಿ. ಬೇರೆಯವರು ಕೈ ಹಾಕಿದರೆ ಹಸು ಒದೆಯುತ್ತದೆ. ಅದನ್ನೇ ಹಿಡಿದುಕೊಂಡು ನನ್ನ ಮಗ, ಪಿಯುಸಿ ಮುಗಿಸಿದ ಮಗಳಿಗೆ ಅರಸೀಕೆರೆಯ ಕಾಲೇಜು ಬೇಡ ಎಂದುಬಿಟ್ಟ. ಬೆಳಗಿನ ಬಸ್ಸಿಗೆ ಅವಳು ಹೋದರೆ ಡೇರಿಗೆ ಹಾಲು ಹಾಕುವುದು ಹೇಗೆ? ಹುಡುಗಿ ಅಳಲಿಲ್ಲ, ಜಗಳವಾಡಲಿಲ್ಲ. ಹೀಗೆ ಸುಮ್ಮನಿರುವ ಹುಡುಗಿಯ ಹಿಂದೆ ಯಾವನೋ ಒಬ್ಬ ಇರುತ್ತಾನೆ ಎಂದುಕೊಂಡೆ.

ಆಮೇಲೆ ನೋಡುತ್ತೇನೆ, ದಿನಾ ಬಟ್ಟೆ ಒಗೆಯುವವಳು ಒಂದು ನೈಟಿಯನ್ನು ಮಾತ್ರ ಒಗೆಯದೆ ಗೂಟಕ್ಕೆ ನೇತುಹಾಕಿದ್ದಾಳೆ. ಬಿಸಿಲೇರಿದರೂ ಏಳದ ಅವಳ ತಂಗಿ ಸುಮ, ಕೋಳಿಗಿಂತ ಮುಂಚೆ ಎದ್ದು ಮುಖ ತೊಳೆಯುತ್ತಾಳೆ. ಒಂದು ಬೆಳಿಗ್ಗೆ ಕೊಟ್ಟಿಗೆಗೆ ಇಣುಕಿದೆ. ಗೌರಿಯ ನೈಟಿ ಹಸುವಿನ ಪಕ್ಕ ಕೂತಿತ್ತು. ಹುಲ್ಲಿನ ಬಣವೆಯ ಮರೆಯಿಂದ ಇನ್ನಾರೋ ಪಿಸುಗುಡುತ್ತಿದ್ದರು. ಸಿಕ್ಕಿದ ಕಳ್ಳ ಎಂದು ದೊಣ್ಣೆ ಹಿಡಿದು ಬಣವೆ ಸುತ್ತಿದರೆ, ಅಲ್ಲಿದ್ದವಳು ಗೌರಿ. ನೈಟಿಯೊಳಗಿದ್ದವಳು ಸುಮ.

"ಕೂಗ್ಬೇಡ ಕಣಜ್ಜಿ, ಹಸ ಬೆದರ್ತದೆ," ಎಂದಳು ಗೌರಿ. "ನನ್ನ ವಾಸ್ನೆಗೆ ನಿಂತೈತೆ. ಇವಳ ಕೈಗೆ ಒಗ್ಗಿದ್ರೆ ಅಪ್ಪಂಗೆ ಇನ್ನೇನ್ ನೆಪ ಐತೆ?"

ಪಾಪ, ಹಸುವಿನ ಗುಣ ತಿಳಿದಷ್ಟು ಅಪ್ಪನ ಗುಣ ಅವಳಿಗೆ ತಿಳಿದಿರಲಿಲ್ಲ. ಸಂಜೆ ನಾನೇ ಮಗನಿಗೆ ವಿಷಯ ಹೇಳಿದೆ. ಹಸು ಒದೆಯದೆ ನಿಂತದ್ದಕ್ಕೆ ಅವನಿಗೆ ಸಂತೋಷವಾದಂತೆ ಕಾಣಲಿಲ್ಲ. ಗಡ್ಡ ಕೆರೆದುಕೊಂಡು ಹೊಸದೊಂದು ನೆಪ ಹುಡುಕಿ ತೆಗೆದ.

"ನಾಳೆ ಸುಮನೂ ಓದ್ತೀನಿ ಅಂತ ಹೊಂಟ್ರೆ ಹಾಲು ಕರಿಯೋರ್ಯಾರವ್ವ?"

ಕೇಳಿದ್ದು ಸರಿಯಾಗಿಯೇ ಇತ್ತು. ಉತ್ತರ ಎದುರಿಗೇ ಗಡ್ಡ ಕೆರೆದುಕೊಂಡು ಕೂತಿತ್ತು.

ಮಾರನೆಯ ಬೆಳಿಗ್ಗೆ ಅವನನ್ನು ತಟ್ಟಿ ಎಬ್ಬಿಸಿ, ಆ ನೈಟಿಯನ್ನು ಕೈಗೆ ಕೊಟ್ಟು ಕೊಟ್ಟಿಗೆಗೆ ಕಳಿಸಿದೆ. ಗೌರಿಯನ್ನು ಕರೆದುಕೊಂಡು ಅರಸೀಕೆರೆಯ ಬಸ್ಸು ಹತ್ತಿದೆ.