ಉಡಿಯಲ್ಲಿ ಹಾಕಿದ ಮಗಳು

ದೊಡ್ಡ ಶಾಣ್ಯಾಳಂತೆ ಆ ಸಿನಿಮಾಕ್ಕೆ ಅವ್ವನನ್ನೂ ತಂಗಿಯನ್ನೂ ಕರೆದವಳು ನಾನೇ. ಬೀದರಿನಲ್ಲಿ ನಾನು ಪಾಠ ಮಾಡುವ ಕಾಲೇಜಿನಲ್ಲಿ ಹಳೆಯ ಜಪಾನಿ ಮೂಕಿ ಚಿತ್ರ ತೋರಿಸುವವರಿದ್ದರು. ಬಡ ತಾಯಿಯೊಬ್ಬಳು ಸಾಕಲಾರದೆ ಕಿರಿಮಗಳನ್ನು ಬೇರೆ ಮನೆಗೆ ಕೊಡುವ ಕಥೆ. ಅದನ್ನು ನೋಡಿಯಾದರೂ ತಂಗಿ ಒಮ್ಮೆ ‘ಅವ್ವಾ’ ಅಂದಾಳು ಎಂದುಕೊಂಡಿದ್ದೆ. ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ!

ಅಪ್ಪ ಹೇಳದೆ ಕೇಳದೆ ಮನೆ ಬಿಟ್ಟುಹೋದ ವರ್ಷ ಅವ್ವ ಭಾಲ್ಕಿಯಲ್ಲಿ ನಾಲ್ಕು ಮನೆಯ ಮುಸುರೆ ತಿಕ್ಕುತ್ತಿದ್ದಳು. ಅದರಲ್ಲಿ ಎರಡು ಮಕ್ಕಳ ಹೊಟ್ಟೆ ತುಂಬಲಿಲ್ಲ. ನನಗೆ ಏಳು, ತಂಗಿಗೆ ಮೂರು. ಔರಾದದಲ್ಲಿದ್ದ, ಮಕ್ಕಳಿಲ್ಲದ ತನ್ನ ಅಕ್ಕನ ಉಡಿಯಲ್ಲಿ ಅವ್ವ ತಂಗಿಯನ್ನು ಹಾಕಿದಳು. ಹಾಗೆ ಒಡ್ಡಿದ ಸೆರಗಿನಲ್ಲಿ ಕೂಸನ್ನು ಇಟ್ಟ ಮೇಲೆ ಹೆತ್ತವಳು ತಾಯಿ ಅನ್ನಿಸಿಕೊಳ್ಳುವಂತಿಲ್ಲ, ಆ ಮಗಳ ಉಡಿ ತುಂಬುವಂತೆಯೂ ಇಲ್ಲ. ನಮ್ಮ ಮನೆತನದ ರೀತಿ ಅದು. ಅಂದಿನಿಂದ ತಂಗಿಗೆ ಅವ್ವ ಬರೀ ಚಿಗವ್ವ.

ಉಡಿಯೊಡ್ಡಿದ ದೊಡ್ಡವ್ವ ತೀರಿ ಎರಡು ವರ್ಷವಾಗಿತ್ತು. ಇನ್ನು ಯಾರ ಅಂಜಿಕೆ ಎಂದು ಅವ್ವ ಸಿನಿಮಾದ ದಿನ ತಂಗಿಯ ಉಡಿ ತುಂಬಲು ಚೀಲದಲ್ಲಿ ಅಕ್ಕಿ, ಕೊಬ್ಬರಿ ಬಟ್ಟಲು, ಹಸಿರು ಖಣ ಇಟ್ಟುಕೊಂಡು ಬಂದಿದ್ದಳು.

ಪರದೆಯ ಮೇಲೆ ತುಟಿಗಳು ಅಲ್ಲಾಡುತ್ತಿದ್ದವು, ದನಿಯಿಲ್ಲ. ನಡುನಡುವೆ ಬರಹ ಬರುತ್ತಿತ್ತು. ಓದು ಬಾರದ ಅವ್ವನ ಕಿವಿಯಲ್ಲಿ ಅರ್ಥ ಹೇಳಹೋದರೆ ಕೈ ಚಿವುಟಿ ಸುಮ್ಮನಿರಿಸಿದಳು. ಆ ತಾಯಿ ಮಗಳ ತಲೆ ಬಾಚಿ, ಬಟ್ಟೆಯ ಗಂಟು ಕಟ್ಟಿ, ಬಾಗಿಲು ದಾಟಿಸಿದಾಗ ಅವ್ವ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ತಂಗಿ ಮಾತ್ರ ಪರದೆಯಿಂದ ಕಣ್ಣು ತೆಗೆಯಲಿಲ್ಲ.

ಹೊರಗೆ ಬೇವಿನ ಗಿಡದ ಕೆಳಗೆ ನಿಂತಾಗ ಅವ್ವನ ಕೈ ಚೀಲದೊಳಗಿತ್ತು. ತಂಗಿ ಅವಳನ್ನೇ ಕೇಳಿದಳು.

“ಅಕಿಗಿ ಇಬ್ಬರು ಇದ್ರಲ್ಲ. ಸಣ್ಣಾಕಿನ್ನೇ ಯಾಕ ಕೊಟ್ಟಳ್ರಿ?”

“ದೊಡ್ಡಾಕಿಗಿ ತಿಳುವಳಿಕಿ ಬಂದಿತ್ತು,” ಅಂದಳು ಅವ್ವ. “ಬಿಟ್ಟು ಬಂದ್ರ ಅಳ್ತಿದ್ದಳು.”

“ಸಣ್ಣಾಕಿ ಅಳಲಿಲ್ಲೇನ್ರಿ?”

ಅವ್ವ ಚೀಲದಿಂದ ಬರಿಗೈ ಹೊರತೆಗೆದಳು. ನಾನಾದರೂ ಏನಾದರೂ ಅನ್ನಬೇಕಿತ್ತು. ನನಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು.

“ಬಸ್ಸಿಗಿ ಹೊತ್ತಾತು. ಬರ್ತೀನ್ರಿ, ಚಿಗವ್ವ,” ಎಂದು ತಂಗಿ ಹೊರಟುಹೋದಳು. ಸಿಟ್ಟು ಮಾಡಿದ್ದರೂ ಆಗುತ್ತಿತ್ತು, ಅದನ್ನೂ ಮಾಡಲಿಲ್ಲ. ಆಮೇಲೆ ಅವಳು ಬೀದರಿಗೆ ಬಂದಿಲ್ಲ.

ಖಣ ಮತ್ತೆ ಟ್ರಂಕು ಸೇರಿತು. ಅಕ್ಕಿಯನ್ನು ಅವ್ವ ಅಂದು ಸಂಜೆ ಅನ್ನ ಮಾಡಿ ನನ್ನ ಮುಂದಿಟ್ಟಳು. ತನಗೆ ಹಸಿವಿಲ್ಲ ಅಂದಳು. ತಂಗಿಯ ಪಾಲಿನದನ್ನು ಆಗ ಉಂಡವಳೂ ನಾನು, ಈಗ ಉಂಡವಳೂ ನಾನೇ.