ಪುಟ್ಟ ದಿಂಬಿನಡಿಯ ಮರಳು

ಯುದ್ಧದ ಪುಸ್ತಕ ಓದುವಾಗ ನನ್ನದೊಂದು ಕೆಟ್ಟ ಅಭ್ಯಾಸವಿದೆ. ಸೈನ್ಯ ಹೊರಟಿತು, ಸೇತುವೆ ಉರುಳಿತು ಎನ್ನುವ ಪುಟಗಳನ್ನೆಲ್ಲ ಸರಸರ ದಾಟಿಬಿಡುತ್ತೇನೆ. ಯಾರಾದರೂ ಒಲೆ ಹಚ್ಚುವ ಪುಟ ಬಂದರೆ ಅಲ್ಲಿ ನಿಲ್ಲುತ್ತೇನೆ. ಸೇನಾಪತಿಯ ಹೆಸರು ಮರುದಿನಕ್ಕೆ ಮರೆತಿರುತ್ತದೆ. ಅವನ ಅಂಗಿಗೆ ಗುಂಡಿ ಹೊಲಿದುಕೊಟ್ಟ ಹೆಂಗಸು ಬಿಳಿ ದಾರ ಮುಗಿದುಹೋಗಿ ಕಂದು ದಾರ ಬಳಸಿದಳು ಎಂಬುದು ಮಾತ್ರ ವರ್ಷಗಟ್ಟಲೆ ನೆನಪಿರುತ್ತದೆ. ಮೈಸೂರಿನ ಕಾನ್ವೆಂಟಿನಲ್ಲಿ ಇತಿಹಾಸ ಕಲಿಸುತ್ತಿದ್ದ ಸಿಸ್ಟರ್ ನನಗೆ ಒಳ್ಳೆಯ ಅಂಕ ಕೊಡದೇ ಇದ್ದುದರಲ್ಲಿ ಅವರ ತಪ್ಪೇನೂ ಇರಲಿಲ್ಲ.

ಹಾಗಾಗಿ ಜಪಾನಿ ಬರಹಗಳು ಇಂಗ್ಲಿಷಿನ ಮೂಲಕ ಕೈಗೆ ಸಿಕ್ಕಾಗ ನನ್ನಂಥವರಿಗೂ ಒಂದು ಸಾಹಿತ್ಯವಿದೆಯಲ್ಲ ಎಂದು ಸಮಾಧಾನವಾಯಿತು. ಆ ದೇಶ ಕಂಡಿರುವಷ್ಟು ಭೂಕಂಪ, ಬೆಂಕಿ, ಉಕ್ಕಿ ಬಂದ ಸಮುದ್ರ, ಆಕಾಶದಿಂದ ಬಿದ್ದ ಬಾಂಬು, ಇವನ್ನೆಲ್ಲ ಬೇರೆಯವರು ಕಂಡಿದ್ದರೆ ಎಷ್ಟು ದೊಡ್ಡ ದನಿಯಲ್ಲಿ ಬರೆಯುತ್ತಿದ್ದರೋ. ನಾನು ಓದಿದ ಜಪಾನಿಯರು ಹೆಚ್ಚಾಗಿ ದನಿ ತಗ್ಗಿಸಿದರು. ಊರು ಸುಟ್ಟುಹೋದುದನ್ನು ಹೇಳಬೇಕಾದಾಗ ಒಂದು ಊಟದ ಡಬ್ಬಿಯ ಮುಚ್ಚಳವನ್ನು ಕುರಿತು ಬರೆದರು. ಅಲೆ ಬಂದು ಬೀದಿಯನ್ನೇ ಒಯ್ದ ಮೇಲೆ, ಬಾಗಿಲಿಲ್ಲದ ಮನೆಯ ಮುಂದೆ ಚಪ್ಪಲಿಯನ್ನು ಜೋಡಿಸಿಡುವ ಮುದುಕಿಯನ್ನು ಕುರಿತು ಬರೆದರು. ಈಚಿನವರು ಯುದ್ಧವನ್ನೂ ಕಾಣದೆ, ಕಾಲ ಬದಲಾಗಿ ಮನೆಗಳು ಒಂದೊಂದೇ ಖಾಲಿಯಾಗುತ್ತಿರುವುದನ್ನು ಕಂಡಾಗ, ಒಬ್ಬಳೇ ಇರುವ ಹೆಂಗಸು ತನ್ನೊಬ್ಬಳಿಗಾಗಿ ಕೊಂಡ ಅರ್ಧ ಎಲೆಕೋಸನ್ನು ಕುರಿತು ಬರೆಯುತ್ತಿದ್ದಾರೆ. ಅರ್ಧ ಎಲೆಕೋಸು ಎಂದರೆ ಎಂಥ ದುಃಖವೆಂದು ತುಂಬಿದ ಮನೆಗೆ ಅಡುಗೆ ಮಾಡಿದವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಇದೆಲ್ಲ ಬರೀ ಓದಿನ ಮಾತಾಗಿ ಉಳಿಯುತ್ತಿತ್ತೇನೋ. ಆದರೆ ಇಲ್ಲಿ ಬೇ ಏರಿಯಾದಲ್ಲಿ, ಕಾಡ್ಗಿಚ್ಚಿನ ಹೊಗೆಗೆ ಬೆಳಗ್ಗೆಯೇ ಆಕಾಶ ಕಿತ್ತಳೆ ಬಣ್ಣಕ್ಕೆ ತಿರುಗಿ, ಮಧ್ಯಾಹ್ನಕ್ಕೂ ದೀಪ ಹಚ್ಚಿಕೊಂಡಿದ್ದ ಒಂದು ದಿನ ಬಂತು. ಮಗಳು ಫೋನಿನಲ್ಲಿ ಫೋಟೋ ತೆಗೆಯುತ್ತಿದ್ದಳು. ಯಜಮಾನರು ಪಾಸ್‌ಪೋರ್ಟುಗಳನ್ನು ಹುಡುಕುತ್ತಿದ್ದರು. ನಾನು ಒದ್ದೆ ಬಟ್ಟೆ ಹಿಡಿದು ಬಾಲ್ಕನಿಯ ಕಟ್ಟೆಯ ಮೇಲೆ ಬಿದ್ದಿದ್ದ ಬೂದಿ ಒರೆಸುತ್ತಿದ್ದೆ. ಒರೆಸಿದಷ್ಟೂ ಬೀಳುತ್ತಿತ್ತು. ಓಡಿಹೋಗಬೇಕಾಗಬಹುದು ಎಂದಿದ್ದಾಗ ಯಾರಾದರೂ ಕಟ್ಟೆ ಒರೆಸುತ್ತಾರೆಯೇ? ಒರೆಸುತ್ತಾರೆ. ಕೈಗೆ ಬೇರೆ ಏನು ಕೆಲಸ ಕೊಡಬೇಕೆಂದು ತಿಳಿಯದಾಗ ಅದಕ್ಕೆ ಗೊತ್ತಿರುವ ಕೆಲಸವನ್ನೇ ಕೊಡುತ್ತೇವೆ. ಜಪಾನಿಯರು ಬರೆಯುತ್ತಿದ್ದುದೂ ಹೀಗೆಯೇ ಇರಬೇಕು ಎಂದು ಆ ದಿನ ಅನ್ನಿಸಿತು.

ಆಮೇಲೆಯೇ ನಾನು ಲೈಬ್ರರಿಯ ಹೈಕು ಗುಂಪಿಗೆ ಸೇರಿದ್ದು. ತಿಂಗಳಿಗೊಂದು ಶನಿವಾರ ಬೆಳಗ್ಗೆ ಹಿಂದಿನ ಕೋಣೆಯಲ್ಲಿ ನಮ್ಮ ಸಭೆ. ಹೆಚ್ಚಿನವರು ಇಲ್ಲೇ ಹುಟ್ಟಿ ಬೆಳೆದ ಜಪಾನಿ ಮನೆತನಗಳ ವೃದ್ಧರು, ಬರೆಯುವುದು ಇಂಗ್ಲಿಷಿನಲ್ಲಿ. ಮೂರು ಸಾಲು, ಅದರೊಳಗೆ ಋತುವನ್ನು ಸೂಚಿಸುವ ಒಂದು ಮಾತು. ಮನೆಯಲ್ಲಿ ಇದಕ್ಕೆ ಸಿಕ್ಕ ಗೌರವ ಅಷ್ಟಕ್ಕಷ್ಟೆ.

“ಮೂರು ಸಾಲು ಬರೆಯೋಕೆ ಒಂದು ಇಡೀ ಬೆಳಗ್ಗೆ ಬೇಕಾ?” ಎಂದರು ನಮ್ಮ ಯಜಮಾನರು. “ಆಫೀಸಲ್ಲಿ ನಾನು ಹೀಗೆ ಕೆಲಸ ಮಾಡಿದ್ರೆ ಮನೆಗೆ ಕಳಿಸ್ತಾರೆ ಕಣೆ.”

“ನಾನು ಮನೇಲೇ ಇರೋಳಲ್ವೇನ್ರೀ, ನನ್ನ ಎಲ್ಲಿಗೆ ಕಳಿಸ್ತಾರೆ?” ಎಂದು ಹೊರಟೆ.

ಗುಂಪಿನ ಪದ್ಧತಿಯೊಂದನ್ನು ಇಲ್ಲಿ ಹೇಳಲೇಬೇಕು. ಅದು ಜಪಾನಿನಿಂದ ಹಾಗೆಯೇ ಬಂದದ್ದು. ಪ್ರತಿಯೊಬ್ಬರೂ ತಮ್ಮ ಕವಿತೆಗಳನ್ನು ಸಣ್ಣ ಚೀಟಿಗಳಲ್ಲಿ ಬರೆದು, ಹೆಸರು ಹಾಕದೆ, ಬುಟ್ಟಿಗೆ ಹಾಕುತ್ತಾರೆ. ಚೀಟಿಗಳನ್ನು ಕಲೆಸಿ, ಒಬ್ಬರು ಎಲ್ಲವನ್ನೂ ತಮ್ಮ ಕೈಬರಹದಲ್ಲಿ ಹಾಳೆಗಳ ಮೇಲೆ ನಕಲು ಮಾಡುತ್ತಾರೆ. ಅಕ್ಷರ ನೋಡಿ ಯಾರದೆಂದು ಗೊತ್ತಾಗಬಾರದಲ್ಲ, ಅದಕ್ಕೆ. ಹಾಳೆಗಳು ಸುತ್ತು ಬರುತ್ತವೆ. ಪ್ರತಿಯೊಬ್ಬರೂ ಮನಸ್ಸಿಗೆ ಹಿಡಿಸಿದ್ದನ್ನು ಆರಿಸಿ ಗಟ್ಟಿಯಾಗಿ ಓದುತ್ತಾರೆ. ಆಗ ಮಾತ್ರ ಬರೆದವರು ತಮ್ಮ ಹೆಸರು ಹೇಳಬೇಕು. ಯಾರೂ ಆರಿಸದ ಕವಿತೆ ಯಾರದೆಂದು ಕೇಳುವಂತಿಲ್ಲ. ಅದು ಬಂದ ಹಾಗೆಯೇ ಸದ್ದಿಲ್ಲದೆ ಹೋಗುತ್ತದೆ.

ನಕಲು ಮಾಡುವ ಕೆಲಸ ನನ್ನ ಪಾಲಿಗೆ ಬಂತು. ಸಿಸ್ಟರುಗಳು ನಾಲ್ಕು ಗೆರೆಯ ಪುಸ್ತಕದಲ್ಲಿ ತಿದ್ದಿಸಿದ, ಕೂಡಿಸಿ ಬರೆಯುವ ಇಂಗ್ಲಿಷ್ ಅಕ್ಷರ ಇಷ್ಟು ವರ್ಷಗಳ ಮೇಲೆ ಎಲ್ಲಾದರೂ ಉಪಯೋಗಕ್ಕೆ ಬಂದದ್ದಿದ್ದರೆ ಇಲ್ಲೇ. ಒಮ್ಮೆ, ಚೀಟಿಗಳನ್ನು ಟೈಪ್ ಮಾಡಿ ಪ್ರಿಂಟು ತೆಗೆದರೆ ಬೇಗ ಮುಗಿಯುತ್ತದಲ್ಲ ಎಂದು ಜಾಣತನ ತೋರಿಸಲು ಹೋದೆ. ಗುಂಪು ನಡೆಸುವ ಹಿರಿಯರು ನಕ್ಕು, ಬೇರೆಯವರ ಕವಿತೆ ನಿನ್ನ ಕೈಯೊಳಗಿಂದ ಹಾದುಹೋಗಲಿ ಎಂದೇ ಇದನ್ನು ಮಾಡಿಟ್ಟಿದ್ದಾರೆ ಎಂದರು. ಮತ್ತೆ ಆ ಮಾತೆತ್ತಲಿಲ್ಲ. ಇನ್ನೊಂದು ಕಟ್ಟಳೆಯೂ ಇತ್ತು: ಚೀಟಿಯ ಅಕ್ಷರ ಕಂಡ ನಕಲುಗಾರರು ಕವಿತೆ ಆರಿಸುವಂತಿಲ್ಲ, ಕಂಡದ್ದನ್ನು ಯಾರಿಗೂ ಹೇಳುವಂತಿಲ್ಲ.

ಆ ಗುಂಪಿನಲ್ಲಿ ವಯಸ್ಸಿನಲ್ಲಿ ಎಲ್ಲರಿಗಿಂತ ದೊಡ್ಡವರು ಹೆಲೆನ್ ಆಂಟಿ. ಉಳಿದವರೆಲ್ಲ ಬರೀ ಹೆಲೆನ್ ಎನ್ನುತ್ತಾರೆ. ತೊಂಬತ್ತರ ಅಂಚಿನವರನ್ನು ಹಾಗೆ ಕರೆಯಲು ನನಗೆ ನಾಲಿಗೆ ಏಳದು. ಅವರಿಗೂ ಆಂಟಿ ಎನ್ನಿಸಿಕೊಳ್ಳುವುದು ಇಷ್ಟವೇ. ಗಿಲ್‌ರಾಯ್ ಊರಿನ ಕಡೆಯಿಂದ ಅವರನ್ನು ಕರೆತರುವವಳು ಮಗಳು ಕ್ಯಾರನ್, ಈಚೆಗೆ ಕೆಲಸದಿಂದ ನಿವೃತ್ತಳಾದವಳು. ಅಮ್ಮನನ್ನು ಕುರ್ಚಿಯಲ್ಲಿ ಕೂರಿಸಿ, ತಾನು ಕಿಟಕಿಯ ಪಕ್ಕ ಹೆಣಿಗೆ ಹಿಡಿದು ಕೂರುತ್ತಿದ್ದಳು. ಕವಿತೆ ಅವಳಿಗೆ ಬೇಡ.

ಒಮ್ಮೆ ಪಾರ್ಕಿಂಗ್ ಲಾಟಿನಲ್ಲಿ, ಆಂಟಿಯನ್ನು ಕಾರಿನಲ್ಲಿ ಕೂರಿಸಿದ ಮೇಲೆ, ಕ್ಯಾರನ್ ನನ್ನೊಡನೆ ಮಾತಿಗೆ ನಿಂತಳು. ಮಾತಾಡಿದ್ದು ಇಂಗ್ಲಿಷಿನಲ್ಲಿ, ನನ್ನೊಳಗೆ ಉಳಿದಿರುವುದು ಕನ್ನಡದಲ್ಲಿ. ಅಮ್ಮನಿಗೆ ಮರೆವು ಶುರುವಾಗಿದೆ, ಡಾಕ್ಟರು ಇನ್ನು ಹೆಚ್ಚುತ್ತದೆ ಎಂದಿದ್ದಾರೆ ಎಂದಳು. ಜಪಾನ್ ಶತ್ರುದೇಶವಾಗಿದ್ದ ಯುದ್ಧದ ಕಾಲದಲ್ಲಿ ಇಲ್ಲಿನ ಜಪಾನಿ ಮನೆಗಳವರನ್ನೆಲ್ಲ ಸರಕಾರ ಒಟ್ಟುಗೂಡಿಸಿ, ಮೊದಲು ಕುದುರೆ ರೇಸಿನ ಲಾಯಗಳಲ್ಲಿಟ್ಟು, ಆಮೇಲೆ ಮರಳುಗಾಡಿನ ಶಿಬಿರಗಳಿಗೆ ಕಳಿಸಿತ್ತು. ಎಳೆಯ ಹುಡುಗಿಯಾಗಿದ್ದ ಹೆಲೆನ್ ಆಂಟಿಯೂ ಅಪ್ಪ ಅಮ್ಮನ ಜೊತೆ ಹೋಗಿದ್ದರು. ಇಷ್ಟನ್ನೂ ಕ್ಯಾರನ್ ತಿಳಿದದ್ದು ಶಾಲೆಯ ಪಾಠದಿಂದ.

“ಮನೇಲಿ ಆ ವಿಷಯ ಎತ್ತಿದ್ರೆ, ತುಂಬ ಧೂಳಿತ್ತು ಅಂತಾಳೆ. ಅಷ್ಟೇ. ಎದ್ದು ಪಾತ್ರೆ ತೊಳೆಯೋಕೆ ಹೋಗ್ತಾಳೆ,” ಎಂದಳು. “ಅವಳು ಮರೆತ ಮೇಲೆ ನಾನು ಯಾರನ್ನ ಕೇಳ್ಲಿ?”

ನಮ್ಮಲ್ಲಾದರೆ ದುಃಖವನ್ನು ಹೀಗೆ ಮಡಿಸಿಡುವುದು ಕಡಿಮೆ. ಸಾವಿನ ಮನೆಗೆ ಹೋದರೆ ಕೊನೆಯ ದಿನ ಏನು ತಿಂದರು, ಏನು ಮಾತಾಡಿದರು ಎಂದು ಬಂದವರಿಗೆಲ್ಲ ಮೊದಲಿಂದ ಹೇಳುತ್ತೇವೆ. ಹೇಳಿ ಹೇಳಿ ಅದು ಕಥೆಯಾಗಿ, ಕಥೆಯಾದ ಮೇಲೆ ಸ್ವಲ್ಪ ಹಗುರವಾಗುತ್ತದೆ. ಹೇಳದೇ ಇಟ್ಟುಕೊಂಡವರ ಭಾರ ಎಲ್ಲಿಗೆ ಹೋಗುತ್ತದೆ ಎಂಬುದು ನನಗೆ ಗೊತ್ತಿರಲಿಲ್ಲ.

ಸುಳ್ಳೇಕೆ, ಸ್ವಲ್ಪ ಗೊತ್ತಿತ್ತು. ತಿಂಗಳು ತಿಂಗಳೂ ಬುಟ್ಟಿಗೆ ಒಂದು ಚೀಟಿ ಬೀಳುತ್ತಿತ್ತು. ನಡುಗುವ ಕೈಯ, ಎಡಕ್ಕೆ ಒರಗಿದ ಅಕ್ಷರ. ಹೆಲೆನ್ ಆಂಟಿ ಕಾಫಿ ಲೋಟ ಹಿಡಿಯುವುದನ್ನು ನೋಡಿದವರಿಗೆ ಆ ಕೈ ಯಾರದೆಂದು ಹೇಳಬೇಕಿಲ್ಲ. ಕವಿತೆ ಹೆಚ್ಚುಕಡಿಮೆ ಒಂದೇ:

ಗುಡಿಸಿದ ಮೇಲೂ
ಪುಟ್ಟ ದಿಂಬಿನಡಿ ಮರಳು
ಬೇಸಿಗೆ ಗಾಳಿ

ಕೆಲವೊಮ್ಮೆ ಬೇಸಿಗೆಯ ಜಾಗದಲ್ಲಿ ಮಾಗಿಯ ಗಾಳಿ ಬರುತ್ತಿತ್ತು. ದಿಂಬು, ಮರಳು ಕದಲುತ್ತಿರಲಿಲ್ಲ. ಹಿಂದಿನ ತಿಂಗಳು ಹಾಕಿದ್ದನ್ನು ಮರೆತು ಹಾಕುತ್ತಿದ್ದರೋ, ಮರೆಯದೆ ಹಾಕುತ್ತಿದ್ದರೋ. ನಾನು ನನ್ನ ದುಂಡು ಅಕ್ಷರದಲ್ಲಿ ಅದನ್ನು ನಕಲು ಮಾಡುತ್ತಿದ್ದೆ, ಹಾಳೆ ಸುತ್ತು ಹೋಗುತ್ತಿತ್ತು, ಯಾರೂ ಆರಿಸುತ್ತಿರಲಿಲ್ಲ. ಯಾರೋ ಮೊಮ್ಮಕ್ಕಳ ಜೊತೆ ಬೀಚಿಗೆ ಹೋಗಿಬಂದದ್ದನ್ನು ಬರೆದಿರಬೇಕು ಎಂದು ಒಬ್ಬರು ಪಕ್ಕದವರಿಗೆ ಅಂದದ್ದು ನನ್ನ ಕಿವಿಗೆ ಬಿತ್ತು. ಬೀಚಿನ ಮರಳು ಚಪ್ಪಲಿಯಲ್ಲಿ ಬರುತ್ತದೆ, ಜೇಬಿನಲ್ಲಿ ಬರುತ್ತದೆ, ಬಾತ್‌ಟಬ್ಬಿನಲ್ಲಿ ಕೂರುತ್ತದೆ. ಮಲಗುವ ಮಗುವಿನ ದಿಂಬಿನಡಿಗೆ, ಗುಡಿಸಿದ ಮೇಲೂ ಬರಬೇಕಾದರೆ ಗೋಡೆಯಲ್ಲೇ ಬಿರುಕಿರಬೇಕು. ಮನೆ ಗುಡಿಸಿದವಳಿಗೆ ಇದು ತಿಳಿಯುತ್ತದೆ. ಆದರೆ ನಾನು ಆರಿಸುವಂತಿಲ್ಲ. ಬಾಯಿ ಬಿಡುವಂತೆಯೂ ಇಲ್ಲ. ಆರಿಸದ ಕವಿತೆಯ ಬಗ್ಗೆ ಹೆಲೆನ್ ಆಂಟಿ ತಾವಾಗಿ ಮಾತಾಡುವವರಲ್ಲ. ಅವರ ನೆನಪೋ ತಿಂಗಳಿಂದ ತಿಂಗಳಿಗೆ ತೆಳ್ಳಗಾಗುತ್ತಿತ್ತು. ಈಚೆಗೆ ನನ್ನನ್ನು ಒಮ್ಮೊಮ್ಮೆ ಹೊಸಬಳೆಂದು ತಿಳಿದು ಎಲ್ಲಿಯವಳಮ್ಮ ನೀನು ಎಂದು ಕೇಳುತ್ತಿದ್ದರು.

ಕಳೆದ ಬಾರಿ ಮಳೆ, ಫ್ರೀವೇಯಲ್ಲಿ ಏನೋ ಅಪಘಾತ. ಅರ್ಧ ಕುರ್ಚಿಗಳು ಖಾಲಿ. ಆರಿಸುವವರೇ ಇಲ್ಲವಲ್ಲ ಎಂದು ಗುಂಪು ನಡೆಸುವ ಹಿರಿಯರು ಪೇಚಾಡಿದಾಗ, ಕ್ಯಾರನ್‌ಗೂ ಒಂದು ಹಾಳೆ ಕೊಡಬಹುದಲ್ಲ ಎಂದು ನಾನು ಅಂದೆ. ಬರೆಯದವರು ಆರಿಸಬಾರದೆಂದು ಎಲ್ಲೂ ಇರಲಿಲ್ಲ. ಇದನ್ನು ಬೇಕೆಂದೇ ಮಾಡಿದೆಯಾ ಎಂದು ಕೇಳಿದರೆ ಇವತ್ತಿಗೂ ನೇರ ಉತ್ತರ ಕೊಡಲಾರೆ. ನಕಲು ಮಾಡುವಾಗ ಕೈ ಮಾತ್ರ ಎಂದಿಗಿಂತ ನಿಧಾನವಾಗಿ ಓಡಿತು.

ಕ್ಯಾರನ್ ಹೆಣಿಗೆಯನ್ನು ತೊಡೆಯ ಮೇಲಿಟ್ಟು, ನನಗೇನು ಕವಿತೆ ತಿಳಿಯುತ್ತೆ ಎಂದು ಗೊಣಗುತ್ತ, ಗ್ರೋಸರಿ ಬಿಲ್ಲು ನೋಡುವ ಹಾಗೆ ಹಾಳೆಯ ಮೇಲೆ ಬೆರಳಾಡಿಸಿದಳು. ಬೆರಳು ಒಂದು ಕಡೆ ನಿಂತಿತು. ಅವಳ ಸರದಿ ಬಂದಾಗ ದಿಂಬಿನ ಕವಿತೆ ಓದಿದಳು.

ಯಾಕೆ ಆರಿಸಿದೆ ಎಂದು ಹಿರಿಯರು ಎಲ್ಲರನ್ನೂ ಕೇಳುವಂತೆ ಅವಳನ್ನೂ ಕೇಳಿದರು.

“ಗೊತ್ತಿಲ್ಲ,” ಎಂದಳು. “ನಮ್ಮಮ್ಮ ಹಾಗೇ ಮಾಡ್ತಾಳೆ. ಮಲಗೋ ಮುಂಚೆ ದಿಂಬು ಎತ್ತಿ ಅಡಿಯಲ್ಲಿ ಕೈ ಸವರ್ತಾಳೆ. ನಾನು ಚಿಕ್ಕವಳಿದ್ದಾಗ ನನ್ನ ದಿಂಬನ್ನೂ ಹಾಗೇ ಮಾಡೋಳು. ಅಲ್ಲಿ ಏನೂ ಇರ್ತಿರಲಿಲ್ಲ.”

ಒಂದಿಬ್ಬರು ನಕ್ಕರು. ಬರೆದವರು ಹೆಸರು ಹೇಳಬಹುದು ಎಂದು ಹಿರಿಯರು ಎಂದಿನಂತೆ ಅಂದರು. ನಾನು ನನ್ನ ಪೆನ್ನಿನ ಮುಚ್ಚಳವನ್ನೇ ನೋಡುತ್ತಿದ್ದೆ. ಹೇಳದೇ ಹೋದರೆ? ಬರೆದದ್ದೇ ನೆನಪಿಲ್ಲದೆ ಹೋದರೆ?

“ಕೆಂಜಿ,” ಎಂದರು ಹೆಲೆನ್ ಆಂಟಿ.

ಅದು ಅವರ ಹೆಸರಲ್ಲ. ಆ ಹೆಸರಿನವರು ಗುಂಪಿನಲ್ಲಿ ಯಾರೂ ಇಲ್ಲ.

“ನನ್ನ ತಮ್ಮ,” ಎಂದರು ಆಂಟಿ, ಮಗಳ ಕಡೆ ತಿರುಗಿ. “ಇನ್ನೂ ಕೂರೋಕೆ ಬರ್ತಿರಲಿಲ್ಲ. ಗುಡಿಸೋ ಕೆಲಸ ನಂದು. ಅಮ್ಮ ನಂಗೆ ವಹಿಸಿದ್ಲು. ನಾನು ಚೆನ್ನಾಗೇ ಗುಡಿಸ್ತಿದ್ದೆ.”

ಕ್ಯಾರನ್ ಆ ಹೆಸರನ್ನು ಮೊದಲ ಸಲ ಕೇಳುತ್ತಿದ್ದಳು. ಶಿಬಿರದಲ್ಲಿ ತನಗೊಬ್ಬ ಸೋದರಮಾವ ಹುಟ್ಟಿದ್ದ, ಅಲ್ಲಿನ ಮಣ್ಣಿನಲ್ಲೇ ಉಳಿದುಹೋದ ಎಂಬುದು ಆ ಕ್ಷಣದವರೆಗೆ ಅವಳ ಪಾಲಿಗೆ ಇರಲೇ ಇಲ್ಲ. ಅಳಲಿಲ್ಲ. ಎದ್ದು ಬಂದು ಅಮ್ಮನ ಪಕ್ಕದ ಖಾಲಿ ಕುರ್ಚಿಯಲ್ಲಿ ಕುಳಿತು, “ಗೊತ್ತಮ್ಮ. ನೀನು ಚೆನ್ನಾಗೇ ಗುಡಿಸಿರ್ತೀಯ,” ಎಂದಳು.

ಹಿರಿಯರು ಕೆಂಜಿ ಎಂದು ಕವಿತೆಯ ಮುಂದೆ ಬರೆದುಕೊಂಡು, ಮುಂದಿನವರನ್ನು ಓದಲು ಹೇಳಿದರು. ಮುಂದಿನದು ಯಾರದೋ ಹಿತ್ತಿಲ ನಿಂಬೆಗಿಡದ ಮೇಲಿತ್ತು. ಎಲ್ಲರೂ ಅದನ್ನೂ ಗಮನವಿಟ್ಟು ಕೇಳಿದರು. ನಾನು ಇಷ್ಟು ವರ್ಷ ಓದಿದ ಪುಸ್ತಕಗಳಲ್ಲಿ ಜನ ದನಿ ತಗ್ಗಿಸಿದ್ದು ನೋವು ಚಿಕ್ಕದೆಂದಲ್ಲ, ಪಕ್ಕದವರಿಗೂ ಬಾಯಿ ತೆರೆಯಲು ಜಾಗ ಇರಲೆಂದು ಇರಬೇಕು ಎನ್ನಿಸಿತು. ಇದನ್ನು ಸಿಸ್ಟರ್ ಎದುರು ಬರೆದಿದ್ದರೆ ಅಂಕ ಕೊಡುತ್ತಿದ್ದರೋ ಇಲ್ಲವೋ.

ಹೊರಗೆ ಮಳೆ ನಿಂತಿತ್ತು. ನನ್ನ ಕಾರು ಅವರ ಕಾರಿಗೆ ಎದುರಾಗಿ ನಿಂತಿತ್ತು, ಒಳಗೆ ಹತ್ತಿದೆ. ಅಮ್ಮ ಮಗಳು ಒಳಗೆ ಕೂತಿದ್ದರು, ಕ್ಯಾರನ್ ಇನ್ನೂ ಸ್ಟಾರ್ಟ್ ಮಾಡಿರಲಿಲ್ಲ. ಗಾಜಿನಾಚೆ ಹೆಲೆನ್ ಆಂಟಿಯ ತುಟಿ ಆಡುತ್ತಿತ್ತು. ಎರಡೂ ಅಂಗೈಗಳನ್ನು ಎದುರುಬದುರು ಹಿಡಿದು ಒಂದು ಅಳತೆ ತೋರಿಸುತ್ತಿದ್ದರು: ದಿಂಬಿನದೋ, ಮಗುವಿನದೋ. ನಡುಗುವ ಕೈಗೆ ಅಳತೆ ಸರಿಯಾಗಿ ನಿಲ್ಲದೆ ಮತ್ತೆ ಮತ್ತೆ ತೋರಿಸುತ್ತಿದ್ದರು. ಕ್ಯಾರನ್ ಪ್ರತಿ ಸಲವೂ ತಲೆಯಾಡಿಸುತ್ತಿದ್ದಳು.

ಅಷ್ಟರಲ್ಲಿ ನನ್ನ ಫೋನು ನಡುಗಿತು. ಸಾರು ಕುದಿಸಿಟ್ಟಿದ್ದೀನಿ, ಬರ್ತಾ ಇದೀಯಾ ಎಂದು ಯಜಮಾನರ ಮೆಸೇಜು. ಕೀಲಿ ಕೈಯಲ್ಲೇ ಇತ್ತು. ನಾನು ಗಾಡಿ ತೆಗೆದರೆ ದೀಪ ಅವರ ಮುಖಕ್ಕೆ ಬೀಳುತ್ತದೆ, ಸದ್ದಾಗುತ್ತದೆ, ಆಂಟಿ ತಿರುಗಿ ನೋಡುತ್ತಾರೆ. ನೋಡಿದರೆ ಮಾತು ಎಲ್ಲಿತ್ತೆಂದು ಮರೆತರೂ ಮರೆತಾರು. ಕೀಲಿಯನ್ನು ಮಡಿಲಲ್ಲಿಟ್ಟುಕೊಂಡು ಸದ್ದಾಗದಂತೆ ಕುಳಿತೆ. ಸಾರು ಆರಿದರೆ ಬಿಸಿ ಮಾಡಿಕೊಳ್ಳಬಹುದು.