ಹುಚ್ಚೇಶನ ದೊಡ್ಡ ಮಂದಿ

ಇಳಕಲ್ಲಿನ ದುರ್ಗವ್ವನಿಗೆ ಗಂಡನ ಮೇಲಿದ್ದ ಸಿಟ್ಟು ಇಂದು ನಿನ್ನೆಯದಲ್ಲ. ಇವಳು ಮಗ್ಗದ ಕುಣಿಯಲ್ಲಿ ಕಾಲು ಇಳಿಬಿಟ್ಟು, ಸೊಂಟ ಮುರಿದುಕೊಂಡು ಸೀರೆ ನೇಯುವುದು, ಹುಚ್ಚೇಶ ಅದನ್ನು ಊರಿಗೆ ಬಂದ ದೊಡ್ಡ ಮಂದಿಗೆ ಆಯೇರಿಯೆಂದು ಉಡುಗೊರೆ ಕೊಟ್ಟು ಬರುವುದು, ಇದೇ ಅವರ ಸಂಸಾರ. ಅಂಗಡಿ ಉದ್ಘಾಟನೆಗೆ ಬಂದ ಸಿನಿಮಾ ನಟನಿಗೆ ಒಂದು ಹೋಯಿತು. ಕಬಡ್ಡಿ ಆಟಗಾರನಿಗೆ ಇನ್ನೊಂದು. ಅವನಿಗಿನ್ನೂ ಮದುವೆಯೇ ಆಗಿರಲಿಲ್ಲ, ಸೀರೆ ತಗೊಂಡು ಏನು ಮಾಡಿದನೋ ಆ ಬನಶಂಕರಿಯೇ ಬಲ್ಲಳು.

ಉಣ್ಣಲು ಕೂತರೂ ಅವನದು ಅದೇ ಪುರಾಣ.

"ನಟ ಅಂದ್ರ ಸೊಕ್ಕ ಇರ್ತೈತಿ ಅಂತಾರ. ನನ್ನ ಹೆಗಲ ಮ್ಯಾಲ ಕೈ ಹಾಕಿದ್ನವಾ. ಆ ಕಬಡ್ಡಿ ಹುಡುಗ ಮಣ್ಣ ಮುಟ್ಟಿ ಹಣಿಗೆ ಹಚ್ಚಿಕೊಂಡೇ ಆಟಕ್ಕ ಇಳಿತಾನ. ಸಾಹೇಬ್ರಂತೂ ನನ್ನ ಹೆಸರ ಹಿಡದ ಕರೀತಾರ."

ಸಾಹೇಬರೆಂದರೆ ಬಾಗಲಕೋಟೆಯಲ್ಲಿ ಮನೆ ಮಾಡಿಕೊಂಡಿದ್ದ ಒಬ್ಬ ಮಾಜಿ ಶಾಸಕರು.

"ರೊಟ್ಟಿ ಆರ್ತಾವು, ಉಣ್ರಿ ಮೊದ್ಲ" ಎನ್ನುತ್ತಿದ್ದಳು ದುರ್ಗವ್ವ.

ಈ ಸಲ ಮಾತ್ರ ಅವನು ಮುಟ್ಟಬಾರದ್ದನ್ನು ಮುಟ್ಟಿದ. ಮಗಳು ಮಹಾನಂದಾಳದು ಚೊಚ್ಚಲ ಬಸಿರು. ನಾಳೆ ಗುಡೂರಿನ ಗಂಡನ ಮನೆಯಲ್ಲಿ ಸೀಮಂತದ ಕುಬಸ, ತವರಿನ ಹಸಿರು ಸೀರೆ ಉಟ್ಟೇ ಆರತಿಗೆ ಕೂಡಬೇಕು. ದುರ್ಗವ್ವ ಕಣ್ಣು ಸೋತರೂ ಬಿಡದೆ ನೇಯ್ದು ಟ್ರಂಕಿನಲ್ಲಿಟ್ಟಿದ್ದ ಆ ಸೀರೆಯನ್ನು ಹುಚ್ಚೇಶ ನಿನ್ನೆ ಊರಿಗೆ ಬಂದಿದ್ದ ಸಾಹೇಬರ ಕೈಗಿಟ್ಟು ಫೋಟೊ ತೆಗೆಸಿಕೊಂಡಿದ್ದ.

"ಅಂಗಡ್ಯಾಗ ಒಂದ ತಂದ್ರಾತು" ಎಂದ.

"ನೇಕಾರ ಮನಿ ಮಗಳಿಗೆ ಅಂಗಡಿ ಸೀರಿ ಉಡಸ್ತೀರೇನ್ರಿ?"

"ಕೊಟ್ಟ ಆಯೇರಿ ತಿರುಗಿ ಕೇಳಿದ್ರ ಮಂದಿ ಮಾರಿಗೆ ಉಗಳ್ತಾರ."

"ಉಗಳಲಿ, ಒರಸ್ಕೋತೇನಿ" ಎಂದವಳೇ ಬಾಗಲಕೋಟೆ ಬಸ್ಸು ಹತ್ತಿದಳು.

ಸಾಹೇಬರು ಪಡಸಾಲೆಯಲ್ಲೇ ಇದ್ದರು. "ನಾ ಇಳಕಲ್ಲ ಹುಚ್ಚೇಶನ ಹೇಣ್ತಿರಿ" ಎಂದಳು.

"ಯಾವ ಹುಚ್ಚೇಶ?" ಎಂದು ಅವರು ಆಳಿನ ಕಡೆ ನೋಡಿದರು. ಆಳಿಗೂ ಗೊತ್ತಿರಲಿಲ್ಲ. ಕುಬಸದ ಸಂಗತಿ ಕೇಳಿ ಮೂಲೆಯ ರಾಶಿ ತೋರಿಸಿದರು. "ನಿಮ್ಮದ ಯಾವುದು ನೋಡಿ ತಗೊಳ್ರಿ ತಾಯಿ" ಎಂದು ಫೋನಿನತ್ತ ತಿರುಗಿದರು. ಅಲ್ಲಿ ಶಾಲು, ಸೀರೆ, ಬಾಡಿದ ಹಾರ ಎಲ್ಲ ಕಲಸಿಹೋಗಿದ್ದವು. ಹಸಿರು ಸೀರೆ ಅಡಿಯಲ್ಲಿ ಸಿಕ್ಕಿತು. ಸಿಕ್ಕಿದ್ದಕ್ಕೆ ಖುಷಿಯಾಗುವ ಮೊದಲೇ ಗಂಡನನ್ನು ನೆನೆದು ದುರ್ಗವ್ವನಿಗೆ ಸಂಕಟವಾಯಿತು. ಅಂಥವನಿಗಾಗಿ ಸಂಕಟಪಡುತ್ತಿದ್ದೇನಲ್ಲ ಎಂದು ಮತ್ತಷ್ಟು ಸಿಟ್ಟು ಬಂತು.

ಅವಳು ಮನೆಗೆ ಬಂದಾಗ ಹುಚ್ಚೇಶ ಬಾಗಿಲಲ್ಲೇ ಕಾಯುತ್ತಿದ್ದ. ಸೀರೆಯ ಕಡೆ ನೋಡಲೂ ಇಲ್ಲ.

"ಸಾಹೇಬ್ರು ನನ್ನ ಬಗ್ಗೆ ಏನಂದ್ರು?"

ದುರ್ಗವ್ವ ಚಪ್ಪಲಿ ಬಿಟ್ಟಳು.

"ನಮ್ಮ ಹುಚ್ಚೇಶ ಆರಾಮ ಅದಾನೇನು ಅಂದ್ರು."

ಅವನ ಮುಖ ಅರಳಿತು.

"ನಾ ಹೇಳಿದ್ದಿಲ್ಲೇನ? ಪಾಪ, ಅಂಥಾ ಮನಷ್ಯಾನ ಕೈಯಾನ ಸೀರಿ ಕಸಗೊಂಡ ಬಂದೀದಿ. ಮುಂದಿನ ಸೀರಿ ಯಾವಾಗ ಮುಗಿಸ್ತಿ?"